ಬಾಯಿಮಾತಿನ ನಿಯೋಜನೆ ಸಾಕು, ಆದೇಶದ ಪ್ರತಿ ಕೈಗೆ ಕೊಡಿ!

ನಿಯೋಜನೆ, ಎರವಲು ಸೇವೆ, ಓಓಡಿ (ಅನ್ಯ ಕರ್ತವ್ಯ) ಎಂದು ಬೇರೆ ಇಲಾಖೆಯಲ್ಲಿ ದುಡಿಯುತ್ತಿರುವ ಎಲ್ಲ ಸರ್ಕಾರಿ ನೌಕರರಿಗೆ ಮನವಿ

ನೌಕರ ಬಂಧುಗಳೇ,

ನೀವು ನೇಮಕವಾದದ್ದು ಒಂದು ಇಲಾಖೆಗೆ, ದುಡಿಯುತ್ತಿರುವುದು ಇನ್ನೊಂದರಲ್ಲಿ. ಸಂಬಳದ ಬಿಲ್ಲು ತಯಾರಾಗುವುದು ಹಳೆ ಕಚೇರಿಯಲ್ಲಿ, ಹಾಜರಿ ಪುಸ್ತಕ ಇರುವುದು ಹೊಸ ಕಚೇರಿಯಲ್ಲಿ. ರಜೆ ಕೇಳಿದರೆ ಇಲ್ಲಿಯವರು "ನಿಮ್ಮ ಇಲಾಖೆಯಲ್ಲಿ ಕೇಳಿಕೊಳ್ಳಿ" ಅನ್ನುತ್ತಾರೆ. ಅಲ್ಲಿಗೆ ಹೋದರೆ "ನೀವೀಗ ನಮ್ಮ ಹತ್ತಿರ ಇಲ್ಲವಲ್ಲ" ಅನ್ನುತ್ತಾರೆ. ಮುಂಬಡ್ತಿ ಪಟ್ಟಿ ಹೊರಬಿದ್ದಾಗ ನಿಮ್ಮ ಹೆಸರು ಯಾರಿಗೂ ನೆನಪಾಗುವುದಿಲ್ಲ. ವೇತನ ಬಡ್ತಿ ನಿಂತಿದೆ ಎಂದು ಗೊತ್ತಾಗುವಷ್ಟರಲ್ಲಿ ವರ್ಷ ಕಳೆದಿರುತ್ತದೆ.

ಇದು ಒಬ್ಬಿಬ್ಬರ ಕಥೆಯಲ್ಲ. ಶಾಲೆ ಬಿಟ್ಟು ಕಚೇರಿಯ ಮೇಜಿನ ಮುಂದೆ ಕುಳಿತ ಶಿಕ್ಷಕರು, ಆಸ್ಪತ್ರೆಯಿಂದ ತಾಲೂಕು ಕಚೇರಿಗೆ ಬಂದ ದ್ವಿತೀಯ ದರ್ಜೆ ಸಹಾಯಕರು, ಒಂದು ಇಲಾಖೆಯ ಜೀಪು ಬಿಟ್ಟು ಇನ್ನೊಂದು ಇಲಾಖೆಯ ಸಾಹೇಬರ ಕಾರು ಓಡಿಸುತ್ತಿರುವ ಚಾಲಕರು, ನಿಗಮ ಮಂಡಳಿಗಳಲ್ಲಿ ಲೆಕ್ಕ ಬರೆಯುತ್ತಿರುವವರು, ಡಿ ಗ್ರೂಪ್ ನೌಕರರು ಎಲ್ಲರೂ ಇದರಲ್ಲಿದ್ದಾರೆ. ಬಹಳ ಮಂದಿಯನ್ನು ಕಳಿಸಿದ್ದು ಫೋನ್ ಕರೆಯಲ್ಲಿ ಅಥವಾ "ಮುಂದಿನ ಆದೇಶದವರೆಗೆ" ಎಂಬ ಒಂದೂವರೆ ಸಾಲಿನ ಜ್ಞಾಪನದಲ್ಲಿ. ಆ ಮುಂದಿನ ಆದೇಶ ಬರುವುದೇ ಇಲ್ಲ.

ನಮ್ಮ ಮಾತು ಇಷ್ಟೆ. ನಿಯೋಜನೆಯ ಮೇಲಿರುವ ನೌಕರನಿಗೆ ಹಕ್ಕುಗಳಿವೆ, ಆದರೆ ಅವು ಬದುಕುವುದು ಕಾಗದದ ಮೇಲೆ. ಲಿಖಿತ ಆದೇಶ ಕೇಳದೆ ಹೋದವರು ಮುಂದೆ ಏನು ಕೇಳಿದರೂ ಕೈಯಲ್ಲಿ ಆಧಾರ ಇರುವುದಿಲ್ಲ.

ಒಪ್ಪಿಗೆ ಯಾರದು?

ನಿಯೋಜನೆಯಲ್ಲಿ ಮೂವರು ಪಾಲುದಾರರಿರುತ್ತಾರೆ: ಕಳಿಸುವ ಇಲಾಖೆ, ಕರೆಸಿಕೊಳ್ಳುವ ಇಲಾಖೆ, ನೌಕರ. ಉಮಾಪತಿ ಚೌಧರಿ ಮತ್ತು ಬಿಹಾರ ಸರ್ಕಾರದ ನಡುವಿನ ಪ್ರಕರಣದಲ್ಲಿ 1999ರಲ್ಲಿ ಸುಪ್ರೀಂ ಕೋರ್ಟ್ ಇದನ್ನು ಬಿಡಿಸಿ ಹೇಳಿತು: ಕಳಿಸುವ ಮತ್ತು ಕರೆಸಿಕೊಳ್ಳುವ ಸಂಸ್ಥೆಗಳು ಒಪ್ಪಿದರೆ ಸಾಲದು, ನೌಕರನ ಒಪ್ಪಿಗೆಯೂ ಬೇಕು. ಅದಕ್ಕೂ ಹತ್ತು ವರ್ಷ ಮುಂಚೆ, 1989ರಲ್ಲಿ, ದೆಹಲಿಯ ಜವಾಹರಲಾಲ್ ನೆಹರು ವಿಶ್ವವಿದ್ಯಾಲಯದ ಒಂದು ಪ್ರಕರಣ ಬಂದಿತ್ತು. ಇಂಫಾಲದಲ್ಲಿದ್ದ ತನ್ನ ಕೇಂದ್ರವನ್ನು ಆ ವಿಶ್ವವಿದ್ಯಾಲಯ ಮಣಿಪುರ ವಿಶ್ವವಿದ್ಯಾಲಯಕ್ಕೆ ಒಪ್ಪಿಸಿತು, ಜೊತೆಗೆ ಅಲ್ಲಿದ್ದ ಅಧ್ಯಾಪಕರನ್ನೂ ಒಪ್ಪಿಸಿಬಿಟ್ಟೆ ಎಂದುಕೊಂಡಿತು. ನೌಕರನ ಒಪ್ಪಿಗೆಯಿಲ್ಲದೆ ಅವನ ಯಜಮಾನನನ್ನು ಬದಲಿಸುವಂತಿಲ್ಲ ಎಂದು ಕೋರ್ಟ್ ಹೇಳಿತು. ಕಟ್ಟಡ, ಬೆಂಚು, ಬೀರುಗಳ ಜೊತೆ ಸಿಬ್ಬಂದಿಯನ್ನೂ ಪಟ್ಟಿಗೆ ಸೇರಿಸಿ ಹಸ್ತಾಂತರಿಸುವ ಅಭ್ಯಾಸ ನಮ್ಮ ಕಚೇರಿಗಳಲ್ಲಿಯೂ ಇದೆ, ಅದಕ್ಕೇ ಇದನ್ನು ಇಲ್ಲಿ ಬರೆದೆವು.

ಒಂದು ಎಚ್ಚರಿಕೆಯನ್ನೂ ಹೇಳಬೇಕು. ನಿಮ್ಮದೇ ವೃಂದದ ಒಳಗೆ, ನಿಮ್ಮದೇ ಇಲಾಖೆಯ ಇನ್ನೊಂದು ಕಚೇರಿಗೆ ಹಾಕಿದರೆ ಅದು ವರ್ಗಾವಣೆ. ಅದಕ್ಕೆ ನಿಮ್ಮ ಒಪ್ಪಿಗೆ ಬೇಕಿಲ್ಲ, ಅದು ನೌಕರಿಯ ಭಾಗ. ಕೇಂದ್ರದ ಮೂಲಭೂತ ನಿಯಮಗಳಲ್ಲಿ ನೌಕರನ ಇಚ್ಛೆಗೆ ವಿರುದ್ಧವಾಗಿ ಹೊರ ಸಂಸ್ಥೆಯ ಸೇವೆಗೆ ಕಳಿಸಬಾರದು ಎಂದಿದ್ದರೂ, ಸರ್ಕಾರದ ಒಡೆತನದ ಅಥವಾ ಹಿಡಿತದ ಸಂಸ್ಥೆಗಳಿಗೆ ವಿನಾಯಿತಿ ಇದೆ. ಹಾಗಾಗಿ "ಒಪ್ಪಿಗೆ ಇಲ್ಲ, ಹೋಗುವುದಿಲ್ಲ" ಎಂದು ಮನೆಯಲ್ಲಿ ಕೂರಬೇಡಿ. ಕರ್ತವ್ಯಕ್ಕೆ ಹಾಜರಾಗಿ, ಆಕ್ಷೇಪಣೆಯನ್ನು ಲಿಖಿತವಾಗಿ ಕೊಡಿ. ಗೈರುಹಾಜರಿಯ ಆರೋಪ ಹೊತ್ತ ಮೇಲೆ ಹಕ್ಕಿನ ಮಾತು ಯಾರ ಕಿವಿಗೂ ಬೀಳುವುದಿಲ್ಲ.

ಹೋದವರು ಹಿಂದೆ ಬೀಳಬೇಕಿಲ್ಲ

ಕನ್ನಡ ನಾಡಿನದೇ ಒಂದು ಮೊಕದ್ದಮೆ ಇದೆ. ಪ್ರತಿ ಸರ್ಕಾರಿ ನೌಕರನೂ ಇದನ್ನು ತಿಳಿದಿರಬೇಕು, ಆದರೆ ತಿಳಿದವರು ಕಡಿಮೆ. ಅದರ ಹೆಸರು ಮೈಸೂರು ರಾಜ್ಯ ಮತ್ತು ಎಂ. ಎಚ್. ಬಳ್ಳಾರಿ. ಅರ್ಜಿದಾರ ಎಂ. ಎಚ್. ಬಳ್ಳಾರಿ ಅವರು ಮೊದಲು ಮುಂಬಯಿ ಸರ್ಕಾರದ ನೌಕರರು, 1956ರ ರಾಜ್ಯ ಪುನರ್ವಿಂಗಡಣೆಯಲ್ಲಿ ಮೈಸೂರು ರಾಜ್ಯಕ್ಕೆ ಬಂದವರು. ಮಾತೃ ಇಲಾಖೆಯಿಂದ ಅವರನ್ನು ಬೇರೆ ಇಲಾಖೆಗೆ ನಿಯೋಜಿಸಲಾಗಿತ್ತು, ಅಲ್ಲಿ ಬಡ್ತಿಯನ್ನೂ ಪಡೆದಿದ್ದರು. ಮರಳಿ ಬಂದಾಗ ತಮಗಿಂತ ಕಿರಿಯರು ಮೇಲೇರಿದ್ದರು, ಇವರಿಗೆ ಮಾತ್ರ ಹಳೆಯ ಕುರ್ಚಿಯೇ ಕಾದಿತ್ತು. ಅವರು ಸುಮ್ಮನಿರಲಿಲ್ಲ. ವಿಷಯ ಸುಪ್ರೀಂ ಕೋರ್ಟಿನವರೆಗೆ ಹೋಯಿತು. 1964ರಲ್ಲಿ ಕೋರ್ಟ್ ಕೊಟ್ಟ ತೀರ್ಪಿನ ಸಾರ ಹೀಗಿದೆ: ನಿಯೋಜನೆಯ ಸೇವೆಯನ್ನು ಮಾತೃ ಇಲಾಖೆಯ ಸೇವೆಯಂತೆಯೇ ಎಣಿಸಬೇಕು. ಬಡ್ತಿ ಸಿಗುವುದು ಜ್ಯೇಷ್ಠತೆ ಮತ್ತು ಅರ್ಹತೆಯ ಆಧಾರದ ಮೇಲಾದರೆ, ಹೊರಗಿದ್ದಾಗಿನ ಕೆಲಸ ತೃಪ್ತಿಕರವಾಗಿದ್ದರೆ, ಆ ನೌಕರ ಹೊರಗೆ ಹೋಗದೇ ಇದ್ದಿದ್ದರೆ ಯಾವ ಜಾಗದಲ್ಲಿರುತ್ತಿದ್ದನೋ ಆ ಜಾಗ ಅವನಿಗೆ ಸಲ್ಲಬೇಕು.

ಅರವತ್ತು ವರ್ಷ ಹಳೆಯ ತೀರ್ಪು. ಆದರೂ ಇಂದಿಗೂ ಇಲಾಖಾ ಮುಂಬಡ್ತಿ ಸಮಿತಿಯ ಮುಂದೆ ಕಡತ ಹೋಗುವಾಗ "ಸದರಿ ನೌಕರರು ನಿಯೋಜನೆ ಮೇಲಿರುವುದರಿಂದ ಪರಿಗಣಿಸಿಲ್ಲ" ಎಂಬ ಟಿಪ್ಪಣಿ ಬೀಳುತ್ತದೆ. ಅಂಥ ಟಿಪ್ಪಣಿ ನಿಮ್ಮ ಕಡತದಲ್ಲಿದ್ದರೆ ಅದನ್ನು ಪ್ರಶ್ನಿಸಿ. ನಿಮ್ಮನ್ನು ಕಳಿಸಿದವರು ಅವರೇ. ಕಳಿಸಿದ್ದಕ್ಕೆ ನಿಮಗೇ ಶಿಕ್ಷೆ ಎನ್ನುವುದು ಯಾವ ನ್ಯಾಯ?

ಇದರ ಇನ್ನೊಂದು ಮುಖವನ್ನು ಮುಚ್ಚಿಡುವುದು ಸರಿಯಲ್ಲ. ಹೊರಗಿನ ಇಲಾಖೆಯಲ್ಲಿ ಸಿಕ್ಕ ಬಡ್ತಿಯನ್ನು ಹೊತ್ತುಕೊಂಡು ಮನೆಗೆ ಬರಲಾಗದು. ಪಂಜಾಬಿನ ಪೊಲೀಸ್ ಪೇದೆಗಳು ಸಿಐಡಿಗೆ ನಿಯೋಜನೆಯಾಗಿ ವರ್ಷಗಟ್ಟಲೆ ದುಡಿದು, ಅಲ್ಲಿ ತಾತ್ಕಾಲಿಕ ಬಡ್ತಿ ಪಡೆದು, ಆಮೇಲೆ ಮರಳಿ ಪೇದೆಗಳಾಗಿ ತಮ್ಮ ಜಿಲ್ಲೆಗೆ ಬಂದರು. ಇಂದರ್ ಸಿಂಗ್ ಪ್ರಕರಣ ಎಂದೇ ಹೆಸರಾದ ಆ ಮೊಕದ್ದಮೆಯಲ್ಲಿ 1997ರಲ್ಲಿ ಸುಪ್ರೀಂ ಕೋರ್ಟ್ ಅವರ ಪರ ನಿಲ್ಲಲಿಲ್ಲ. ಮರಳಿದವನಿಗೆ ಸಿಗುವುದು ಮಾತೃ ಇಲಾಖೆಯ ತನ್ನ ಹುದ್ದೆ, ಆ ನಡುವೆ ಅಲ್ಲಿನ ನಿಯಮದಂತೆ ಬಡ್ತಿ ಬಂದಿದ್ದರೆ ಅದು. ಎಷ್ಟು ವರ್ಷ ಕಳೆದರೂ ನಿಯೋಜನೆ ತಾನಾಗಿ ಕಾಯಂ ಆಗುವುದಿಲ್ಲ. ಕುನಾಲ್ ನಂದಾ ಪ್ರಕರಣದಲ್ಲಿ 2000ದಲ್ಲಿಯೂ ಕೋರ್ಟ್ ಇದನ್ನೇ ಹೇಳಿತು: ನಿಯೋಜಿತ ನೌಕರನಿಗೆ ಅಲ್ಲಿಯೇ ಉಳಿಯುವ ಹಕ್ಕಿಲ್ಲ, ವಿಲೀನ ಮಾಡಿಕೊಳ್ಳಿ ಎಂದು ಒತ್ತಾಯಿಸುವ ಹಕ್ಕೂ ಇಲ್ಲ. ಇದು ಕಹಿ, ಆದರೆ ಕಾನೂನು. "ಇಲ್ಲೇ ಕಾಯಂ ಮಾಡಿಸುತ್ತೇನೆ" ಎಂದು ಯಾರಾದರೂ ಭರವಸೆ ಕೊಟ್ಟರೆ, ಅದಕ್ಕಾಗಿ ಕೈ ಚಾಚಿದರೆ, ಅವರನ್ನು ನಂಬಬೇಡಿ.

ಹಾಗೆಂದು ಮನಸ್ಸು ಬಂದಾಗ ಎತ್ತಿ ಬಿಸಾಡಲೂ ಬರುವುದಿಲ್ಲ. ಆಯ್ಕೆ ಪ್ರಕ್ರಿಯೆಯ ಮೂಲಕ, ಇಂತಿಷ್ಟು ವರ್ಷ ಎಂದು ನಿಗದಿ ಮಾಡಿ ನೇಮಿಸಿದ್ದರೆ ಅವಧಿಯನ್ನು ಕಾರಣವಿಲ್ಲದೆ ಮೊಟಕು ಮಾಡುವಂತಿಲ್ಲ. ಪೇಟೆಂಟ್ ಇಲಾಖೆಯ ಮುಖ್ಯಸ್ಥರ ಹುದ್ದೆಗೆ ಐದು ವರ್ಷಕ್ಕೆಂದು ಬಂದಿದ್ದ ವಿಜ್ಞಾನಿ ಎಸ್. ಎನ್. ಮೈತಿ ಅವರನ್ನು ಅವಧಿಗೆ ಮುನ್ನ ಕಳಿಸಿದಾಗ 2015ರಲ್ಲಿ ಸುಪ್ರೀಂ ಕೋರ್ಟ್ ಕೊಟ್ಟ ತೀರ್ಪು ಇದು. ಕೇಂದ್ರ ಸರ್ಕಾರಿ ನೌಕರರ ನಿಯೋಜನೆ ಬಗ್ಗೆ 2010ರ ಜೂನ್ 17ರಂದು ಹೊರಟ ಆದೇಶದಲ್ಲಿ, ಅವಧಿಗೆ ಮುನ್ನ ಮರಳಿಸಬೇಕಾದರೆ ಕನಿಷ್ಠ 3 ತಿಂಗಳ ಮುನ್ಸೂಚನೆಯನ್ನು ನೌಕರನಿಗೂ ಮಾತೃ ಇಲಾಖೆಗೂ ಕೊಡಬೇಕು ಎಂದಿದೆ. ನಮ್ಮೂರಿನಲ್ಲಿ ಅಂಚೆ, ರೈಲ್ವೆ, ಆದಾಯ ತೆರಿಗೆಯಂಥ ಕಚೇರಿಗಳಲ್ಲಿರುವ ಬಂಧುಗಳು ತಮ್ಮ ಇಲಾಖೆಗೆ ಅನ್ವಯಿಸುವ ಆದೇಶವನ್ನು ತೆರೆದು ನೋಡಲಿ. ಅವಧಿ ಮುಗಿದ ಮೇಲೂ ಉಳಿದುಕೊಂಡರೆ ಕೇಂದ್ರದಲ್ಲಿ ಪೆಟ್ಟು ಬೀಳುವುದು ನೌಕರನಿಗೇ. ಆ ದಿನಗಳು ಪಿಂಚಣಿಗೆ ಲೆಕ್ಕವಾಗದೆ ಹೋಗಬಹುದು. ಮುಂದುವರಿಕೆ ಆದೇಶ ಕೈಗೆ ಬಾರದೆ ಒಂದು ದಿನವೂ ಹೆಚ್ಚು ಕೂರಬೇಡಿ.

ಇನ್ನು ವಿಲೀನ ಆಗಿಯೇ ಬಿಟ್ಟವರಿಗೆ ಒಂದು ಮಾತು. ಹಳೆಯ ಸೇವೆಯನ್ನು ಜ್ಯೇಷ್ಠತೆಗೆ ಎಣಿಸುವುದಿಲ್ಲ ಎಂದರೆ ಒಪ್ಪಬೇಡಿ. ಬಿಎಸ್‌ಎಫ್‌ನಿಂದ ದೆಹಲಿ ಪೊಲೀಸ್‌ಗೆ ಬಂದ ಸಬ್ ಇನ್ಸ್‌ಪೆಕ್ಟರ್ ರೂಪಲಾಲ್ ಅವರ ಪ್ರಕರಣದಲ್ಲಿ, ಸಮಾನ ಹುದ್ದೆಯ ಹಿಂದಿನ ಸೇವೆಯನ್ನು ಎಣಿಸಲೇಬೇಕು ಎಂದು 1999ರ ಡಿಸೆಂಬರ್‌ನಲ್ಲಿ ತೀರ್ಪಾಗಿದೆ.

ಶಿಕ್ಷಕರೇ, ಬಿಎಲ್‌ಓಗಳೇ

ನಿಮ್ಮ ಸಂಗತಿ ಬೇರೆಯೇ. 2009ರ ಶಿಕ್ಷಣ ಹಕ್ಕು ಕಾಯ್ದೆಯ 27ನೇ ಕಲಂ ಸ್ಪಷ್ಟವಾಗಿದೆ: ಹತ್ತು ವರ್ಷಕ್ಕೊಮ್ಮೆಯ ಜನಗಣತಿ, ವಿಪತ್ತು ಪರಿಹಾರ, ಸ್ಥಳೀಯ ಸಂಸ್ಥೆ, ವಿಧಾನಸಭೆ, ಸಂಸತ್ತಿನ ಚುನಾವಣೆ ಬಿಟ್ಟು ಬೇರೆ ಯಾವ ಶಿಕ್ಷಣೇತರ ಕೆಲಸಕ್ಕೂ ಶಿಕ್ಷಕರನ್ನು ಹಚ್ಚುವಂತಿಲ್ಲ. ಕಚೇರಿಯ ಟಪಾಲು ವಿಂಗಡಣೆ, ಜನಪ್ರತಿನಿಧಿಯ ಆಪ್ತ ಸಹಾಯಕನ ಕೆಲಸ, ಯಾವುದೋ ಯೋಜನೆಯ ಡಾಟಾ ಎಂಟ್ರಿ, ಇವು ಆ ಪಟ್ಟಿಯಲ್ಲಿ ಎಲ್ಲಿಯೂ ಇಲ್ಲ. ಹಾಗೆ ಕೂತವರ ಶಾಲೆಯಲ್ಲಿ ಒಬ್ಬರೇ ಶಿಕ್ಷಕರು ಐದು ತರಗತಿಗಳನ್ನು ಒಂದು ಕೋಣೆಯಲ್ಲಿ ನೋಡಿಕೊಳ್ಳುತ್ತಿರುತ್ತಾರೆ. ಆ ಮಕ್ಕಳ ಅಪ್ಪ ಅಮ್ಮಂದಿರೂ ಈ ಕರಪತ್ರ ಓದಲಿ.

ಚುನಾವಣೆಯ ಕೆಲಸವನ್ನು ತಪ್ಪಿಸಿಕೊಳ್ಳಲು ಬರುವುದಿಲ್ಲ, ಅಲ್ಲಿ ಒಪ್ಪಿಗೆಯ ಪ್ರಶ್ನೆ ಏಳುವುದೇ ಇಲ್ಲ. ಅಧಿಸೂಚನೆ ಹೊರಟ ದಿನದಿಂದ ಫಲಿತಾಂಶ ಘೋಷಣೆಯವರೆಗೆ ಚುನಾವಣಾ ಕರ್ತವ್ಯದಲ್ಲಿರುವವರು ಆಯೋಗಕ್ಕೆ ನಿಯೋಜನೆಯಲ್ಲಿದ್ದಂತೆ ಎಂದು 1951ರ ಪ್ರಜಾಪ್ರತಿನಿಧಿತ್ವ ಕಾಯ್ದೆಯ 28ಎ ಕಲಂ ಹೇಳುತ್ತದೆ. ಮತದಾರರ ಪಟ್ಟಿಯ ಕೆಲಸಕ್ಕೆ 1950ರ ಕಾಯ್ದೆಯಲ್ಲಿ ಇಂಥದೇ 13ಸಿಸಿ ಕಲಂ ಇದೆ. ಅಂದರೆ ಬಿಎಲ್‌ಓ (ಮತಗಟ್ಟೆ ಮಟ್ಟದ ಅಧಿಕಾರಿ) ಆಗಿ ಮನೆ ಮನೆ ತಿರುಗುವಾಗ ನಿಮ್ಮ ಮೇಲಿನ ಹಿಡಿತ ಚುನಾವಣಾ ಆಯೋಗದ್ದು. ಆದರೂ 2007ರ ಡಿಸೆಂಬರ್‌ನಲ್ಲಿ ಸೇಂಟ್ ಮೇರೀಸ್ ಶಾಲೆಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಒಂದು ಮಿತಿ ಹಾಕಿದೆ. ಮತದಾರರ ಪಟ್ಟಿಯ ಕೆಲಸವನ್ನು ಶಿಕ್ಷಕರಿಂದ ರಜಾ ದಿನಗಳಲ್ಲಿ, ಪಾಠವಿಲ್ಲದ ದಿನ ಮತ್ತು ಹೊತ್ತಿನಲ್ಲಿ ಮಾಡಿಸಬೇಕು. ಪಾಠದ ಹೊತ್ತಿಗೆ ಕರೆದರೆ ಈ ತೀರ್ಪನ್ನು ಉಲ್ಲೇಖಿಸಿ ಪತ್ರ ಬರೆಯಿರಿ.

"ಕೆಲಸ ಮುಗಿಸದಿದ್ದರೆ ಜೈಲು" ಎಂಬ ಬೆದರಿಕೆ ವಾಟ್ಸಾಪ್ ಗುಂಪುಗಳಲ್ಲಿ ಆಗಾಗ ಬರುತ್ತದೆ. ಮತದಾರರ ಪಟ್ಟಿಯ ಕೆಲಸದಲ್ಲಿ ಕರ್ತವ್ಯಲೋಪಕ್ಕೆ 1950ರ ಕಾಯ್ದೆಯ 32ನೇ ಕಲಂನಲ್ಲಿ 3 ತಿಂಗಳಿಂದ 2 ವರ್ಷದವರೆಗೆ ಸಜೆ ಇರುವುದು ನಿಜ. ಆದರೆ ಅದು ಸಮಂಜಸ ಕಾರಣವಿಲ್ಲದ ಲೋಪಕ್ಕೆ ಮಾತ್ರ. ಅದರ ಮೇಲೆ ಚುನಾವಣಾ ಆಯೋಗ ಅಥವಾ ರಾಜ್ಯದ ಮುಖ್ಯ ಚುನಾವಣಾಧಿಕಾರಿಯ ಆದೇಶ ಅಥವಾ ಅಧಿಕಾರದ ಮೇರೆಗೆ ದೂರು ದಾಖಲಾಗದೆ ನ್ಯಾಯಾಲಯ ವಿಚಾರಣೆಗೇ ತೆಗೆದುಕೊಳ್ಳುವುದಿಲ್ಲ. ತಾಲೂಕಿನ ಯಾವುದೋ ಸಾಹೇಬರು ಸಿಟ್ಟಿನಲ್ಲಿ ಅಂದ ಮಾತಿಗೆ ಬೇಲ್ ಅರ್ಜಿ ಬೇಕಿಲ್ಲ. ಗರ್ಭಿಣಿಯಾಗಿದ್ದರೆ, ಗಂಭೀರ ಕಾಯಿಲೆ ಇದ್ದರೆ ವೈದ್ಯರ ಪ್ರಮಾಣಪತ್ರದೊಂದಿಗೆ ವಿನಾಯಿತಿಗೆ ಅರ್ಜಿ ಕೊಡಿ, ಕೊಟ್ಟದ್ದಕ್ಕೆ ಸ್ವೀಕೃತಿ ಪಡೆಯಿರಿ. ಬಿಎಲ್‌ಓಗಳ ವಾರ್ಷಿಕ ಗೌರವಧನವನ್ನು ಆಯೋಗ 2025ರ ಆಗಸ್ಟ್‌ನಲ್ಲಿ 6,000ದಿಂದ 12,000 ರೂಪಾಯಿಗೆ ಏರಿಸಿದೆ. ನಿಮ್ಮ ಖಾತೆಗೆ ಬಂದದ್ದು ಎಷ್ಟು, ಲೆಕ್ಕ ಕೇಳಿ.

ಪಿಂಚಣಿ ಸಿಕ್ಕಿಬೀಳುವ ಜಾಗ

ನಿಗಮ, ಮಂಡಳಿ, ಪ್ರಾಧಿಕಾರಗಳಿಗೆ ಹೋದವರು ಇದನ್ನು ಎರಡು ಸಲ ಓದಿ. ಅಲ್ಲಿರುವ ಅವಧಿಗೆ ರಜಾ ವೇತನ ಮತ್ತು ಪಿಂಚಣಿಯ ವಂತಿಗೆ ಸರ್ಕಾರಕ್ಕೆ ಜಮಾ ಆಗಬೇಕು. ಯಾರು ಕಟ್ಟಬೇಕು ಎಂಬುದು ನಿಯೋಜನೆ ಆದೇಶದಲ್ಲಿ ಸ್ಪಷ್ಟವಾಗಿರಬೇಕು. ಬರೆಯದೇ ಇದ್ದರೆ ಹೊರೆ ಕೊನೆಗೆ ನಿಮ್ಮ ತಲೆಯ ಮೇಲೆ ಬರುತ್ತದೆ. ಎನ್‌ಪಿಎಸ್‌ನವರು ಪ್ರತಿ ತಿಂಗಳೂ ಎರಡೂ ಪಾಲು ನಿಮ್ಮ ಪ್ರಾನ್ ಖಾತೆಗೆ ಬಿದ್ದಿದೆಯೇ ನೋಡಿ. ಕೆಜಿಐಡಿ ವಿಮಾ ಕಂತು ನಿಂತಿದೆಯೇ ನೋಡಿ. ನಿವೃತ್ತಿಗೆ ಆರು ತಿಂಗಳಿದ್ದಾಗ "2011ರಿಂದ 2014ರವರೆಗಿನ ವಂತಿಗೆ ಜಮಾ ಆಗಿರುವುದಿಲ್ಲ" ಎಂಬಂಥ ಷರಾ ಬಿದ್ದರೆ, ಆ ಮಂಡಳಿಯಲ್ಲಿ ಆಗ ಇದ್ದ ಲೆಕ್ಕಾಧಿಕಾರಿ ಎಲ್ಲಿ, ಕಡತ ಎಲ್ಲಿ ಎಂದು ಹುಡುಕುತ್ತ ಕೋಲು ಊರಿಕೊಂಡು ತಿರುಗುವವರು ನೀವೇ.

ಸೇವಾ ಪುಸ್ತಕವೂ ಹಾಗೆಯೇ. ಹೋಗುವಾಗ ಬಿಡುಗಡೆ ಆದೇಶ, ಅಂತಿಮ ವೇತನ ಪ್ರಮಾಣಪತ್ರ, ಹಾಜರಾದ ವರದಿ ಮೂರರ ಪ್ರತಿಯನ್ನೂ ಮನೆಯಲ್ಲಿ ಇಟ್ಟುಕೊಳ್ಳಿ. ವರ್ಷಕ್ಕೊಮ್ಮೆ ಮಾತೃ ಕಚೇರಿಗೆ ಹೋಗಿ ಸೇವಾ ಪುಸ್ತಕದಲ್ಲಿ ನಿಯೋಜನೆಯ ನಮೂದು, ವೇತನ ಬಡ್ತಿ, ರಜೆ ಲೆಕ್ಕ ಬರೆದಿದೆಯೇ ನೋಡಿ ಸಹಿ ಮಾಡಿ. ಕಾರ್ಯನಿರ್ವಹಣಾ ವರದಿಯನ್ನು ಈಗಿನ ಮೇಲಧಿಕಾರಿಯಿಂದ ಬರೆಸಿ ಮಾತೃ ಇಲಾಖೆಗೆ ತಲುಪಿಸುವುದು ಕಚೇರಿಯ ಕೆಲಸವೇ ಆದರೂ, ಬೆನ್ನು ಹತ್ತುವುದು ನೀವೇ ಆಗಬೇಕು. ವರದಿ ಇಲ್ಲದ ವರ್ಷ ಮುಂಬಡ್ತಿ ಸಮಿತಿಯ ಕಣ್ಣಿಗೆ ಖಾಲಿ ವರ್ಷ.

ಶಿಸ್ತುಕ್ರಮದ ಬಗ್ಗೆ ಒಂದಿಷ್ಟು. ನಿಮ್ಮ ಸೇವೆಯನ್ನು ಎರವಲು ಪಡೆದ ಸಂಸ್ಥೆ ಅಮಾನತು ಮಾಡಬಹುದು, ವಿಚಾರಣೆ ನಡೆಸಬಹುದು, ಆದರೆ ಕೂಡಲೇ ಮಾತೃ ಪ್ರಾಧಿಕಾರಕ್ಕೆ ತಿಳಿಸಬೇಕು. ವಜಾ, ಹಿಂಬಡ್ತಿಯಂಥ ದೊಡ್ಡ ದಂಡನೆಯನ್ನು ತಾನೇ ವಿಧಿಸುವಂತಿಲ್ಲ. ಕಡತದ ಸಮೇತ ನಿಮ್ಮನ್ನು ಮಾತೃ ಪ್ರಾಧಿಕಾರಕ್ಕೆ ಒಪ್ಪಿಸಬೇಕು. ಇನ್ನು ಮಹಿಳಾ ನೌಕರರ ವಿಷಯ: ಹೆರಿಗೆ ರಜೆಯ 180 ದಿನ ಎಲ್ಲಿದ್ದರೂ 180 ದಿನವೇ. ಲೈಂಗಿಕ ಕಿರುಕುಳ ಕೊಟ್ಟವನು ಬೇರೆ ಇಲಾಖೆಯವನು ಎಂಬ ನೆಪ ಒಡ್ಡಿ ದೂರನ್ನು ಮರಳಿಸಿದರೆ, ದೂರುದಾರರು ಕೆಲಸ ಮಾಡುವ ಕಡೆಯ ಆಂತರಿಕ ಸಮಿತಿಯೇ ಅದನ್ನು ವಿಚಾರಿಸಬಹುದೆಂದು 2025ರಲ್ಲಿ ಸುಪ್ರೀಂ ಕೋರ್ಟ್ ಹೇಳಿರುವುದನ್ನು ತೋರಿಸಿ.

ನಮ್ಮವರಿಗೇ ಒಂದು ಮಾತು

ಎಲ್ಲ ನಿಯೋಜನೆಯೂ ಶೋಷಣೆಯಲ್ಲ. ಶಿಫಾರಸು ಪತ್ರ ಹಿಡಿದು, ಬೆಂಗಳೂರಿನಲ್ಲಿಯೋ ಜಿಲ್ಲಾ ಕೇಂದ್ರದಲ್ಲಿಯೋ ಉಳಿಯಲೆಂದೇ ನಿಯೋಜನೆ ಮಾಡಿಸಿಕೊಂಡವರು ನಮ್ಮಲ್ಲೇ ಇದ್ದಾರೆ. ಅವರ ಮೂಲ ಹುದ್ದೆ ಯಾದಗಿರಿಯ, ರಾಯಚೂರಿನ ಯಾವುದೋ ಹೋಬಳಿಯಲ್ಲಿ ಖಾಲಿ ಬಿದ್ದಿರುತ್ತದೆ, ಕಾಗದದ ಮೇಲೆ ಮಾತ್ರ ಭರ್ತಿ. ಆ ಆಸ್ಪತ್ರೆಗೆ ಬಂದ ರೋಗಿಗೆ, ಆ ಶಾಲೆಯ ಮಗುವಿಗೆ ಈ ಹೊಂದಾಣಿಕೆಯಿಂದ ಆಗುವ ನಷ್ಟವನ್ನು ಯಾವ ತೀರ್ಪೂ ತುಂಬಿಕೊಡುವುದಿಲ್ಲ. ಹಕ್ಕಿನ ಮಾತಾಡುವ ನಾವು ಇದನ್ನು ಸಮರ್ಥಿಸಿದರೆ ಜನ ನಮ್ಮನ್ನು ನಂಬುವುದಿಲ್ಲ, ನಂಬಬಾರದು ಕೂಡ. ಈ ಕರಪತ್ರ ಅವರ ಪರವಾಗಿ ಅಲ್ಲ. ಹೇಳಿದಲ್ಲಿ ಹೋಗಿ ದುಡಿದು, ಮರಳಿ ಬಂದಾಗ ತಮ್ಮ ಕುರ್ಚಿಯನ್ನೇ ಕಳೆದುಕೊಂಡವರ ಪರವಾಗಿ.

ಈಗ ಮಾಡಬೇಕಾದದ್ದು

ಒಂದು ಬಿಳಿ ಹಾಳೆ ತೆಗೆದುಕೊಳ್ಳಿ. ನಿಮ್ಮ ನೇಮಕಾತಿ ಪ್ರಾಧಿಕಾರಕ್ಕೆ, ಈಗಿನ ಮೇಲಧಿಕಾರಿಯ ಮೂಲಕ, ಹೀಗೆ ಬರೆಯಿರಿ:

"ಮಾನ್ಯರೇ, ನಾನು ಇಂಥ ದಿನಾಂಕದಿಂದ ಇಂಥ ಕಚೇರಿಯಲ್ಲಿ ನಿಯೋಜನೆ ಮೇಲೆ ಕರ್ತವ್ಯ ನಿರ್ವಹಿಸುತ್ತಿದ್ದೇನೆ. ನನ್ನ ನಿಯೋಜನೆಯ ಲಿಖಿತ ಆದೇಶದ ಪ್ರತಿ, ಅವಧಿ, ನಿರ್ವಹಿಸುತ್ತಿರುವ ಹುದ್ದೆ, ವೇತನ ಮತ್ತು ಭತ್ಯೆ ಪಾವತಿಸುವ ಪ್ರಾಧಿಕಾರ, ರಜೆ ಮಂಜೂರು ಮಾಡುವ ಪ್ರಾಧಿಕಾರ, ಪಿಂಚಣಿ ವಂತಿಗೆ ಭರಿಸುವವರು, ಮಾತೃ ಹುದ್ದೆಯ ಮೇಲಿನ ನನ್ನ ಲೀನ್ ಮತ್ತು ಜ್ಯೇಷ್ಠತಾ ಪಟ್ಟಿಯಲ್ಲಿ ನನ್ನ ಕ್ರಮಸಂಖ್ಯೆ, ಇವುಗಳನ್ನು ಲಿಖಿತವಾಗಿ ತಿಳಿಸಲು ಕೋರುತ್ತೇನೆ."

ಅಷ್ಟೇ ಸಾಕು. ಯಾರನ್ನೂ ಬೈಯಬೇಡಿ, ಹೊಗಳಲೂ ಬೇಡಿ. ಟಪಾಲು ವಿಭಾಗದಲ್ಲಿ ಕೊಟ್ಟು ಪ್ರತಿಯ ಮೇಲೆ ಸೀಲು, ದಿನಾಂಕ ಹಾಕಿಸಿಕೊಳ್ಳಿ. ತೆಗೆದುಕೊಳ್ಳದಿದ್ದರೆ ಸ್ಪೀಡ್ ಪೋಸ್ಟ್ ಮೂಲಕ ಕಳಿಸಿ. ಹಿಂಬರಹ ಬಾರದಿದ್ದರೆ 10 ರೂಪಾಯಿ ಶುಲ್ಕದೊಂದಿಗೆ ಮಾಹಿತಿ ಹಕ್ಕು ಅರ್ಜಿ ಹಾಕಿ ಆದೇಶದ ಪ್ರತಿ ಕೇಳಿ, 30 ದಿನದಲ್ಲಿ ಉತ್ತರ ಕೊಡಬೇಕು. ಆದೇಶವೇ ಇಲ್ಲ ಎಂಬ ಉತ್ತರ ಬಂದರೆ ಅದೂ ನಿಮಗೆ ದಾಖಲೆಯೇ.

ಮನವಿ ಕೊಟ್ಟು 6 ತಿಂಗಳಾದರೂ ತೀರ್ಮಾನವಾಗದಿದ್ದರೆ ಅಲ್ಲಿಂದ 1 ವರ್ಷದೊಳಗೆ ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ ಹೋಗಬೇಕು. ಬೆಂಗಳೂರಿನ ಜೊತೆ ಬೆಳಗಾವಿ ಮತ್ತು ಕಲಬುರಗಿಯಲ್ಲಿಯೂ ಅದರ ಪೀಠಗಳಿವೆ. ನಿಮ್ಮ ವಿರುದ್ಧ ಅಂತಿಮ ಆದೇಶ ಹೊರಟಿದ್ದರೆ ಆ ದಿನದಿಂದಲೇ 1 ವರ್ಷ. ನಿಗಮ ಮಂಡಳಿಗಳ ಸ್ವಂತ ನೌಕರರ ದಾರಿ ಸಾಮಾನ್ಯವಾಗಿ ಹೈಕೋರ್ಟ್. ಒಂದರ ಮೇಲೊಂದು ಮನವಿ ಕೊಡುತ್ತಾ ಹೋದರೆ ಕಾಲಮಿತಿ ಬೆಳೆಯುವುದಿಲ್ಲ. ಹಾಗೆ ನಂಬಿ ಕೂತು ಗೆಲ್ಲುವ ಪ್ರಕರಣ ಸೋತವರು ಬೇಕಾದಷ್ಟು ಜನ.

ಒಬ್ಬರೇ ಅರ್ಜಿ ಕೊಟ್ಟರೆ ಅವರನ್ನು ಗುರುತಿಟ್ಟುಕೊಳ್ಳುತ್ತಾರೆ, ಇನ್ನೂ ದೂರದ ಊರಿಗೆ ಹಾಕುತ್ತಾರೆ ಎಂಬ ಭಯ ಸುಳ್ಳಲ್ಲ. ಅದಕ್ಕೇ ಕೇಳುತ್ತಿದ್ದೇವೆ: ನಿಮ್ಮ ಕಚೇರಿಯಲ್ಲಿ ನಿಯೋಜನೆ ಮೇಲಿರುವ ಎಲ್ಲರೂ ಒಂದೇ ದಿನ, ಒಂದೇ ಒಕ್ಕಣೆಯ ಅರ್ಜಿ ಕೊಡಿ. ಪ್ರತಿಯೊಂದನ್ನು ನಿಮ್ಮ ನೌಕರರ ಸಂಘದ ತಾಲೂಕು ಶಾಖೆಗೂ ಸಲ್ಲಿಸಿ, ಪದಾಧಿಕಾರಿಗಳಿಂದ ಜಿಲ್ಲಾಧಿಕಾರಿಗೆ ಒಟ್ಟು ಪಟ್ಟಿ ಕೊಡಿಸಿ. ಈ ತಿಂಗಳ ಸಂಬಳದ ಬಿಲ್ಲು ಖಜಾನೆಗೆ ಹೋಗುವ ಮುನ್ನ ನಿಮ್ಮ ಅರ್ಜಿ ಟಪಾಲಿನಲ್ಲಿರಲಿ. ಓದಿದ ಮೇಲೆ ಈ ಕರಪತ್ರವನ್ನು ಪಕ್ಕದ ಕಚೇರಿಯವರಿಗೆ ಕೊಡಿ.

ಇಂತಿ,
ನಿಯೋಜನೆ ಮೇಲಿರುವ ನಿಮ್ಮ ಸಹೋದ್ಯೋಗಿಗಳು